ಎರಡನೇ ಗುಂಡಿ

ನೆವಾರ್ಕ್, ಎಂಬತ್ತೊಂಬತ್ತರ ಜನವರಿ.
ಏಳನೇ ಕಿಟಕಿ ನನ್ನದು.
ಗಾಜಿನ ಈಚೆ ನಾನು, ಮೊಹರು, ಆರಿದ ಕಾಫಿ;
ಆಚೆ ಮಿಗ್ಡಾಲಿಯಾ ಕಿನ್ಯೋನೆಸ್,
ಕೋಟಿನ ಕಾರ್ಖಾನೆಯಲ್ಲಿ ಹನ್ನೊಂದು ವರ್ಷ ಕಾಜಾ ಹೊಲಿದವಳು,
ಈಗ ಒಂದು ಮಹಡಿ ಹತ್ತಲು ಎರಡು ಸಲ ಕೂರುವವಳು.

ಮೂರನೇ ಸಲ ಬಂದಿದ್ದಳು.
ಹೇಳಿದ್ದನ್ನೇ ಹೇಳಿದಳು, ದನಿ ತಗ್ಗಿಸಿ,
ಹಿಂದೆ ನಿಂತ ಗಂಡಸರಿಗೆ ಕೇಳದ ಹಾಗೆ:
ಒಳಗೆ ಹುಣ್ಣು, ನಿಲ್ಲದ ಸ್ರಾವ, ತಿಂಗಳುಗಟ್ಟಲೆ ಜ್ವರ,
ಗರ್ಭದ ಬಾಯಲ್ಲಿ ಏನೋ ಬೆಳೆದಿದೆಯಂತೆ.
ಗಂಡ ಹೋದದ್ದೂ ಅದೇ ಏಡ್ಸಿನಲ್ಲಿ.
ಅವನ ಎದೆಯ ಕಫಕ್ಕೆ ಪಟ್ಟಿಯಲ್ಲಿ ಹೆಸರಿತ್ತು,
ತಿಂಗಳು ತಿಂಗಳು ಚೆಕ್ಕು ಬರುತ್ತಿತ್ತು.

ಪಟ್ಟಿಯ ಮೇಲೆ ಬೆರಳಾಡಿಸಿದೆ.
ಗಂಡಸರ ಮೈ ನೋಡಿ ಬರೆದ ಪಟ್ಟಿ ಅದು.
ಆಗ ನನಗೆ ಹಾಗನ್ನಿಸಲಿಲ್ಲ. ಸುಳ್ಳೇಕೆ,
ಊಟದ ಹೊತ್ತಾಯಿತು ಅಂತಷ್ಟೇ ಅನ್ನಿಸಿತ್ತು.
"ಪಟ್ಟಿಯಲ್ಲಿಲ್ಲ" ಎಂದೆ.
"ಮೈಯಲ್ಲಿದೆಯಲ್ಲ" ಎಂದಳು.

ಕೋಟು ಹಾಕಿಕೊಂಡು ಹೊರಬಂದರೆ
ಬಾಗಿಲ ಪಕ್ಕದ ಬೆಂಚಿನಲ್ಲಿ ಅವಳೇ.
ಎದ್ದು ಬಂದಳು. ಬೈಯುತ್ತಾಳೆ ಅಂದುಕೊಂಡೆ.
ನನ್ನೆದೆಯ ಮೇಲೆ ಜೋತಾಡುತ್ತಿದ್ದ ಗುಂಡಿ ಹಿಡಿದು
"ಬಿದ್ದುಹೋಗುತ್ತೆ ಇದು" ಎಂದಳು.
ಪರ್ಸಿನಲ್ಲಿ ಸೂಜಿ, ಕಪ್ಪು ದಾರ.
ಮೇಲಿಂದ ಎರಡನೆಯದು. ಎಂಟು ಸುತ್ತು.
ದಾರವನ್ನು ಹಲ್ಲಿಂದ ಕಡಿದಳು.

ಹಲ್ಲಿಂದ.
ಆ ಚಳಿಗಾಲವೆಲ್ಲ ಕೋಟು
ಬಾಗಿಲ ಹಿಂದಿನ ಮೊಳೆಯಲ್ಲಿ ತೂಗಿತು.
ಮುಟ್ಟಬೇಡಿ ಎಂದಿದ್ದೆ ಮಕ್ಕಳಿಗೆ.
ತಂಗಿಯ ಹಳೇ ಜಾಕೆಟ್ಟಿನಲ್ಲಿ ನಡುಗುತ್ತ ಕೆಲಸಕ್ಕೆ ಬಂದು
ಅವಳ ಅರ್ಜಿಯ ಮೇಲೆ
"ತಿರಸ್ಕೃತ" ಎಂದು ನಾನೇ ಒತ್ತಿದೆ.
ಮಸಿ ಸರಿಯಾಗಿ ಮೂಡಲಿಲ್ಲವೆಂದು
ಇನ್ನೊಮ್ಮೆ ಒತ್ತಿದೆ.

ನಾಲ್ಕು ವರ್ಷಕ್ಕೆ ಪಟ್ಟಿ ತಿದ್ದಿದರು.
ಗರ್ಭದ ಬಾಯಿಗೂ ಕೊನೆಗೊಂದು ಸಾಲು ಸಿಕ್ಕಿತು.
ಹಳೆಯ ಕಡತ ಹುಡುಕಿ ಕಾಗದ ಕಳಿಸಿದೆ:
ದಯವಿಟ್ಟು ಏಳನೇ ಕಿಟಕಿಯಲ್ಲಿ ಬಂದು ಕಾಣಿ.
ವಾಪಸು ಬಂತು. ಲಕೋಟೆಯ ಬೆನ್ನಿಗೆ
ಯಾವುದೋ ಮಗುವಿನ ದಪ್ಪ ಅಕ್ಷರ:
ಅಮ್ಮ ಅಪ್ಪನ ಪಕ್ಕದ ಗುಂಡಿಯಲ್ಲಿದ್ದಾಳೆ.

ಕೋಟಿಗೆ ವಯಸ್ಸಾಗಿದೆ. ಅಸ್ತರು ಹರಿದಿದೆ.
ಮೊದಲನೆಯದು ಯಾವಾಗಲೋ ಕಳಚಿತು,
ಮೂರನೆಯದು ಬಸ್ಸಿನಲ್ಲಿ ಬಿತ್ತು.
ಎರಡನೆಯದು ಜಗ್ಗಿದರೂ ಬರುವುದಿಲ್ಲ.
ಕಾಜಾದೊಳಗೆ ತೂರಿಸುವಾಗ ಬೆರಳು ಇವತ್ತಿಗೂ
ಒಂದು ಗಳಿಗೆ ತಡೆಯುತ್ತದೆ.
ಮೊದಮೊದಲು
ಹೆದರಿಕೆಗೆ ತಡೆಯುತ್ತಿತ್ತು.