ತುಂಬು ಬಿಡಿಸೋರು

ಬ್ಯಾಡಗಿ. ಮೋಟೆಬೆನ್ನೂರ ರಸ್ತೆದಾಗ ಗೋದಾಮು.
ಡಬ್ಬಿ ಕಾಯಿ ರಾಶಿ ನಡಕ ನಾವು ಹನ್ನೊಂದು ಮಂದಿ,
ಬಾಯಿಗೆ ಸೆರಗು, ಕಿಲೋಕ್ಕ ಇಷ್ಟು ಅಂತ ಕೂಲಿ.
ಜೈಬುನ್ನಿ ಫೋನು ಚೀಲಕ್ಕ ಆನಿಸಿ ಇಟ್ಟಾಳ.
ಬೆರಳು ಮುಟ್ಟಿದರ ಗಾಜೂ ಉರೀತೈತಿ ಅಂತ
ಗೆಣ್ಣಿಲೆ ಸರಿಸ್ತಾಳ, ಒಮ್ಮೊಮ್ಮೆ ಮೂಗಿಲೆ.

ಮೂರರ ಚಾ ಹೊತ್ತಿಗೆ ಲೈವ್ ಬರ್ತಾಳ
ಇಂಡೋನೇಷ್ಯಾದಾಕಿ. ಹಳದಿ ಸ್ಕಾರ್ಫು, ಗುಂಡು ಮಾರಿ.
ಕರೇ ಕಲ್ಲಿನ ತಾಟಿನ್ಯಾಗ ಸಣ್ಣ ಸಣ್ಣ ಕೆಂಪು ಕಾಯಿ
ಉಪ್ಪು ಹಾಕಿ ಗರಗರ ಅರೀತಾಳ.
"ಬಿಸ್ಮಿಲ್ಲಾ" ಅಂತಾಳ, ಜೈಬುನ್ನಿ ತುಟೀನೂ ಅಲಗತಾವ.
ಒಂದು ಬುಟ್ಟಿ ಅನ್ನ, ಕರಿದ ಮೀನಿನ ತಲಿ,
ಕೈತುಂಬ ತಿಂತಾಳ. ನೋಡೋರು ಎಂಟು ಸಾವಿರ.

"ಪೆದಾಸ್! ಪೆದಾಸ್!" ಅಂತ ನಾಲಿಗಿ ಚಾಚಿದರ
ಈ ಕಡೆ ನಮ್ಮ ನೀಲಗಂಗವ್ವ:
"ನೀರು ಕುಡೀಬ್ಯಾಡ ತಂಗಿ, ಬೆಲ್ಲ ತಿನ್ನು."
ಫೋನಿಗೇ ಹೇಳ್ತಾಳ, ಕೇಳಿಸ್ತೈತಿ ಅನ್ನೂಹಂಗ.
"ಬಿಜಿ" ಅಂದು ಬೀಜ ತೋರಿಸ್ತಾಳ ಆಕಿ.
"ಸುವಾಮಿ" ಅಂದು ಕ್ಯಾಮೆರಾ ಹಿಂದಿನ ಯಾರನ್ನೋ.
ಗಂಡನ ಇರಬೇಕು, ಮುಂದ ಬರವಲ್ಲ, ಅಂತ
ನಕ್ಕು ನಕ್ಕು ಕೆಮ್ಮಿದಿವಿ.
ಕೆಮ್ಮು ನಗೀದಲ್ಲ, ಘಾಟಿಂದು.

ನಮ್ಮ ಕಾಯಿಗೆ ಬಣ್ಣದ ಹೆಸರು, ಖಾರದ್ದಲ್ಲ.
ತುಟಿಗೆ ಹಚ್ಚೂದಕ್ಕೂ ಹೋಗತಾವಂತ, ದಲಾಲಿ ಹೇಳ್ತಾನ.
ಆಕಿ ತುಟಿ ನೋಡಿದಾಗೆಲ್ಲ
ಇದು ನಾನು ಬಿಡಿಸಿದ್ದೇನೋ ಅನಸ್ತೈತಿ, ಹುಚ್ಚು.

ಮೂರು ದಿನ ಬರಲಿಲ್ಲ. ಲಾರಿ ಬಂದುವು, ಹೋದುವು.
ಸೋಮವಾರ ಬಂದಳು. ಸ್ಕಾರ್ಫು ಅದೇ, ಕಲ್ಲು ಅದೇ.
ಇನ್ನೂ ತುತ್ತು ಬಾಯಿಗೆ ಇಟ್ಟಿಲ್ಲ, ಕಣ್ಣು ತುಂಬಿದುವು.
"ಏ, ಇದು ಖಾರಕ್ಕ ಬಂದದ್ದಲ್ಲ," ಅಂದಳು ನೀಲಗಂಗವ್ವ.
ಮೂವತ್ತು ವರ್ಷ ತುಂಬು ಬಿಡಿಸಿದಾಕಿ, ಗೊತ್ತು:
ಖಾರಕ್ಕಾದರ ಮೊದಲು ಮೂಗು ಸೋರತೈತಿ,
ಆಮ್ಯಾಲೆ ಕಣ್ಣು.
ಇದು ತಿರುಗಾಮುರುಗಾ.

ನೋಡೋರು ಹದಿನೆಂಟು ಸಾವಿರ.
ನಗೂ ಮಾರಿಗೋಳು ಗುಳುಗುಳು ಮ್ಯಾಲೇರಿ ಹೊಂಟುವು.
ತಿಂದಳು. ಬುಟ್ಟಿ ಖಾಲಿ ಮಾಡಿದಳು.
ಸುವಾಮಿ ಅನ್ನಲಿಲ್ಲ ಇವತ್ತ.

ಮುಗಿಸೂಮುಂದ
ಬೆರಳು ಕಣ್ಣಿನ ತನಕ ಒಯ್ದಾಕಿ ತಡದು,
ಕೈ ಎತ್ತಿ, ರಟ್ಟಿಲೆ ಒರಸಿಕೊಂಡಳು.
ನಾವು ಒರಸಿಕೊಳ್ಳೂಹಂಗ.

ಫೋನು ಕಪ್ಪಾತು. ಯಾರೂ ಗೆಣ್ಣು ಚಾಚಲಿಲ್ಲ.
ತಕ್ಕಡಿ ಕಡಿಂದ ಒದರಿದರು:
ಯಾರ ಚೀಲ ಇದು?
ಅರ್ಧಕ್ಕರ್ಧ ತುಂಬು ಹಂಗ ಅದಾವಲ್ಲ!