ಹೊತ್ತು ಹೊರುವವಳು

ಹಿಯುಮಾ ದ್ವೀಪದಲ್ಲಿ ಕಾಲ ಕೊಂಚ ಸಡಿಲ.
ಬಿಗಿಯಲು ಸರ್ಕಾರ ಕೊಟ್ಟದ್ದು ಒಂದೇ ಯಂತ್ರ:
ಹಾಲಿನ ಕ್ಯಾನಿನಷ್ಟು ಎತ್ತರ,
ಮೈತುಂಬ ತಾಮ್ರದ ಸುತ್ತು, ಕೆಳಗೊಂದು ಡ್ರಾಯರು.
ಕಾಗದದಲ್ಲಿ ಅದು ಕಾಲಸ್ಥಿರಕ, ಮಾದರಿ ನಾಲ್ಕು.
ವೈಕೆಯ ಬಾಯಲ್ಲಿ ಬಡಕಲು ಹಸು.

ಮೊದಲ ದಿನವೇ ಅಂದಳು:
"ಕೇಳು, ನರ್ವಾದ ಹುಡುಗ,
ಏಳು ನಿಮಿಷ ಎಲ್ಲೋ ಉಕ್ಕಿದರೆ ಬಳಿದು ಚೆಲ್ಲಬಹುದು.
ಏಳು ನಿಮಿಷ ಕುಸಿದರೆ
ಆ ಗುಂಡಿಗೆ ಮಣ್ಣು ಬೇಕು. ಮಣ್ಣು ಯಾರದ್ದು?"
ಡ್ರಾಯರು ಎಳೆದಳು. ಖಾಲಿ.
ತನ್ನ ಬಲ ಅಂಗೈ ಅದರೊಳಗಿಟ್ಟಳು.

ಕ್ಯಾರ್ಡ್ಲಾದ ಬೇಕರಿಯಲ್ಲಿ ಹಿಟ್ಟು ಕಲಸುವ ಮೊದಲೇ
ರೈ ರೊಟ್ಟಿ ಸೀದು ಹೊರಗೆ ಬಂದದ್ದು,
ಶಾಲೆಯ ಗಂಟೆಗೂ ಅದರ ಸದ್ದಿಗೂ ನಡುವೆ
ಮೂರನೇ ತರಗತಿಗೆಲ್ಲ ಒಂದೊಂದು ಹಲ್ಲು ಉದುರಿದ್ದು,
ಹೆಲ್ಟರ್‌ಮಾ ಹಡಗುಕಟ್ಟೆಯಲ್ಲಿ ಒಂದು ಕಡಲಹಕ್ಕಿ
ಅದೇ ಮೀನನ್ನು ಬೆಳಗಿನಿಂದ ನಲವತ್ತು ಸಲ ನುಂಗಿದ್ದು
("ಹಕ್ಕಿಯದಿರಲಿ, ಮೀನಿನ ಪಾಡು ನೋಡು")
ಎಲ್ಲವನ್ನೂ ನೆಟ್ಟಗೆ ಮಾಡಿದವಳು ಅವಳು.

ಕೊಟ್ಟದ್ದು ಮಾತ್ರ ಕಾಯುವ ಹೊತ್ತು.
ಹಡಗಿಗೆ ಕಾದದ್ದು, ಅಂಚೆಗೆ ಕಾದದ್ದು,
ಸೌನಾ ಕಾಯುವ ತನಕ ಕಾದದ್ದು.
"ಯಾರಿಗೆ ಬೇಕು ಅವೆಲ್ಲ? ಹೊಟ್ಟು.
ಹೊಟ್ಟು ತಿಂದೇ ಹಸು ಬದುಕಲಿ."
ಇಪ್ಪತ್ತಾರು ವರ್ಷ.
ಹೊತ್ತು ಹೊತ್ತೂ ಹೊತ್ತೂ ಅಂಗೈ ನುಣುಪಾಗಿ
ಗೆರೆಗಳು ಅಳಿದವು.

ಆಮೇಲೆ ಕಾಯಲು ಅವಳಿಗೆ ಏನೂ ಉಳಿಯಲಿಲ್ಲ.
ಕೆಟಲಿಗೆ ನೀರು ಹೊಯ್ದರೆ ಆಗಲೇ ಕುದಿತ.
ಬೀಜ ಒತ್ತಿದ ಬೆರಳು ಎತ್ತುವಷ್ಟರಲ್ಲಿ ಬಟಾಣಿ ಹೂ.
ಬೆಳಗ್ಗೆ ದೋಣಿಗೆಂದು ಹೊರಟ ಗಂಡ
ಬಾಗಿಲು ಮುಚ್ಚುವ ಮೊದಲೇ
ಒದ್ದೆ ಬೂಟಿನಲ್ಲಿ ಒಳಗೆ ನಿಂತಿರುತ್ತಿದ್ದ.
ಕಾಲ್ಯು ನನಗೊಮ್ಮೆ ಹೇಳಿದ, ಬಲೆಯ ಸಿಕ್ಕು ಬಿಡಿಸುತ್ತ:
"ಬಿರುಗಾಳಿ ದಾಟಿ ಬರುತ್ತೇನೆ.
ಉಪ್ಪು ಕೇಳಲು ಬಂದ ನೆರೆಯವನನ್ನು ನೋಡಿದ ಹಾಗೆ ನೋಡುತ್ತಾಳೆ."

ಯಾವ ನಕ್ಷೆಗೂ ಏರದ ಬಿರುಕೊಂದಿತ್ತು
ಅವಳ ಸೌದೆ ಕೊಟ್ಟಿಗೆಯ ಹಿಂದೆ, ಜೂನಿಪರ್ ಪೊದೆಯ ಬುಡದಲ್ಲಿ,
ಕುರಿಮರಿ ಮಲಗುವಷ್ಟು ಜಾಗ.
ಅಲ್ಲಿ ಹನ್ನೊಂದು ಸೆಕೆಂಡು ಮುಗಿಯುವುದೇ ಇಲ್ಲ.
ಕರಗಿದ ಹಿಮದ ಹನಿ ಕೊಂಬೆಯ ತುದಿಗೆ ಬಂದು
ತುಂಬಿ, ಜೋತು, ಇನ್ನೇನು ಎಂಬಾಗ
ಮತ್ತೆ ಕೊಂಬೆಯ ತುದಿಗೆ ಬರುತ್ತದೆ.
ನಾನು ಕಂಡ ದಿನ ವೈಕೆ ಮುಕ್ಕಾಲಿ ಹಾಕಿ ಕೂತಿದ್ದಳು,
ಕತ್ತು ಚಾಚಿ, ಹುಡುಗಿಯ ಹಾಗೆ.
"ಶ್! ಈಗ ಬೀಳುತ್ತೆ."

ಮಾರ್ಚ್ ತಿಂಗಳಲ್ಲಿ ತಾಲಿನ್ನಿನಿಂದ ತಪಾಸಣೆ.
ಉರ್ಮಸ್ ಎಂಬಾತ, ತೆಳು ಶೂ, ದಪ್ಪ ಕಡತ.
ಅವನ ಮುಳ್ಳಿನ ಪೆಟ್ಟಿಗೆ ಕೊಟ್ಟಿಗೆಯ ಹತ್ತಿರ ಕೆಮ್ಮಿತು.
ಪೊದೆ ಸರಿಸಿ ಬಗ್ಗಿದ.
ನಾವಿಬ್ಬರೂ ಸೌದೆ ಎಣಿಸುವವರಂತೆ ನಿಂತೆವು.
ಬಹಳ ಹೊತ್ತು ಅವನು ಏಳಲಿಲ್ಲ.
ಎದ್ದಾಗ ಮೊಣಕಾಲು ಒದ್ದೆ, ಕನ್ನಡಕ ಕೈಯಲ್ಲಿ.
"ಅದು... ಯಾವಾಗ?"
"ಇನ್ನೇನು," ಅಂದಳು ವೈಕೆ.
ವರದಿಯಲ್ಲಿ ಬರೆದ:
ಕೊಟ್ಟಿಗೆಯ ಹಿಂದೆ ತೇವವಿದೆ. ಎರಡು ಹಲಗೆ ಬದಲಿಸುವುದು.

ಈಗ ಡ್ರಾಯರಿನೊಳಗೆ ನನ್ನ ಅಂಗೈ.
ನಾನು ಕೊಡುವುದು ಓಡಿದ ಹೊತ್ತು, ರೇಗಿದ ಹೊತ್ತು,
ಶೂ ದಾರ ಕಟ್ಟದೆ ಮೆಟ್ಟಿಲಿಳಿದ ಹೊತ್ತು.
ಹಸುವಿಗೆ ರುಚಿಸುವುದಿಲ್ಲ. ಅರ್ಧ ಬಿಡುತ್ತದೆ.
ದ್ವೀಪ ಸ್ವಲ್ಪ ವಾಲಿದೆ.
ಮಂಗಳವಾರ ರೊಟ್ಟಿ ಸೋಮವಾರವೇ ಬರುತ್ತದೆ,
ಬೇಕರಿಯವಳು ನನ್ನ ಮುತ್ತಜ್ಜನ ತನಕ ಬೈಯುತ್ತಾಳೆ.

ಬೈಯಲಿ.
ಸಂಜೆಯ ಹಡಗು ತಡ ಅಂತ ಹಲಗೆಯಲ್ಲಿ ಬರೆದಿದ್ದಾರೆ.
ಕಟ್ಟೆಯ ಮೇಲೆ ಕೂತಿದ್ದೇನೆ, ಕೈ ಜೇಬಿನಲ್ಲಿ.
ಕಡಲ ಮೇಲೆ ಇನ್ನೂ ಏನೂ ಇಲ್ಲ.