ಮೂರೆಲೆ ಕಿಟಕಿ

ಏಳು ವರ್ಷದವನಿದ್ದಾಗ ಹಿಂದಿನ ಬೆಂಚಿನ ಮೇಲೆ ಅಂಗಾತ ಮಲಗಿ
ಛಾವಣಿಯ ತೊಲೆ ಎಣಿಸುತ್ತಿದ್ದೆ: ಹದಿನಾಲ್ಕು.
ದೇವಾಲಯವೆಂದರೆ ಹಡಗು, ಪಾದ್ರಿ ಸಾಹೇಬರು ಹೇಳಿದ್ದರು.
ಹುಬ್ಬಳ್ಳಿಯ ಹುಡುಗ ನಾನು, ಎಲ್ಲಿ ಕಂಡೇನು ಹಡಗು?
ನನಗದು ಬೋರಲು ಬಿದ್ದ ಗೂಡ್ಸ್ ಗಾಡಿಯ ಡಬ್ಬಿ.

ಅಪ್ಪ ಹಗಲು ವರ್ಕ್‌ಶಾಪಿನಲ್ಲಿ ರಿವೆಟ್ ಕಾಸುವವ,
ಭಾನುವಾರ ಗಂಟೆ ಹೊಡೆಯುವವ.
ಭೋಂಗಾ ಕೂಗಿದರೆ ಓಡುತ್ತಿದ್ದ.
ಗಂಟೆಗೆ ಮಾತ್ರ, ಕರೆಯುವವನೇ ತಾನಲ್ಲವೇ,
ನಿಧಾನ ಹೋಗುತ್ತಿದ್ದ, ಒಂದು ಎಲೆ ಮಡಿಚಿ.

ಇಂಗ್ಲಿಷರು ನಾನು ಹುಟ್ಟುವ ಮೊದಲೇ ಹೋಗಿದ್ದರು.
ಬೋರ್ಡಿನಲ್ಲಿ ಆಂಗ್ಲಿಕನ್ ಎಂಬ ಮಾತು
ಹೊಸ ಬಣ್ಣದಡಿ ಇನ್ನೂ ಇಣುಕುತ್ತಿತ್ತು.
ಗೋಡೆಯ ಹಿತ್ತಾಳೆ ಫಲಕದಲ್ಲಿ ಉಳಿದವರು:
ಕಾಲರಾದಲ್ಲಿ ಸತ್ತ ಇಂಜಿನಿಯರ, ಅವನ ಹೆಂಡತಿ, ಹನ್ನೊಂದು ದಿನದ ಕೂಸು.
ಅವ್ವ ಶನಿವಾರ ಹುಣಸೆಹಣ್ಣು ಹಚ್ಚಿ ತಿಕ್ಕುತ್ತಿದ್ದಳು.
ಓದು ಬಾರದವಳು; ಕೂಸಿನ ಹೆಸರು ಬೆರಳಿಗೆ ಗೊತ್ತಿತ್ತು.
“ಎಷ್ಟ ಸಣ್ಣದೈತಿ ನೋಡಪಾ” ಅನ್ನುತ್ತಿದ್ದಳು,
ಅಕ್ಷರವೋ, ಕೂಸೋ.

ಪೂರ್ವದ ಕಿಟಕಿಗೆ ಕಲ್ಲಿನ ಮೂರೆಲೆ.
ತಂದೆ, ಮಗ, ಪವಿತ್ರಾತ್ಮ: ದೃಢೀಕರಣದ ಪಾಠದಲ್ಲಿ ಕಲಿತೆ.
ಕಲ್ಲಕುಟಿಗರ ದ್ಯಾಮಪ್ಪ, ಮುದುಕ, ಮೆಟ್ಟಿಲು ರಿಪೇರಿಗೆ ಬಂದವ, ನಕ್ಕ:
“ಬಿಲ್ವಪತ್ರಿ ಅದು. ಸಾಹೇಬ ಗೆರಿ ಹಾಕಿಕೊಟ್ಟಿದ್ದ,
ದಂಟು ನಮ್ಮಜ್ಜ ಇಟ್ಟ.”
ಒಳಗೆ ಹೋಗಿ ನೋಡಿದೆ. ದಂಟು ಇತ್ತು, ಎಡಕ್ಕೆ ಒಂಚೂರು ಬಾಗಿ.
ಯಾರಿಗೂ ಹೇಳಲಿಲ್ಲ. ಐವತ್ತು ವರ್ಷ ಪದ್ಯ ಬರೆದೆ,
ಆ ಬಾಗು ಒಂದು ಸಾಲಿಗೂ ಬರಲಿಲ್ಲ.

ನಂಬಿಕೆಯ ಮಾತು ಕೇಳಬೇಡಿ.
ಯೂನೀಸಳನ್ನು ಮಣ್ಣು ಮಾಡಿದ ವರ್ಷ
ಬರೀ ಗೋಡೆ ನೋಡಲು ಬರುತ್ತಿದ್ದೆ.
ಪ್ರಾರ್ಥನೆ ತಾನಾಗಿ ಬಾಯಿಗೆ ಬರುತ್ತಿತ್ತು,
ಪ್ಯಾಸೆಂಜರಿನಲ್ಲಿ ನಿದ್ದೆಹೋದವ
ತನ್ನ ಸ್ಟೇಶನ್ನಿಗೆ ತಾನೇ ಏಳುವ ಹಾಗೆ.
ಮಂಡಿ ನಂಬುತ್ತಿತ್ತು;
ಅದು ಏಳಲೆಂದು ನಾನು ಕಾಯುತ್ತಿದ್ದೆ.

ಈಗ ಕಮಿಟಿಗೆ ಹೊಳೆಯುವ ಟೈಲ್ಸ್ ಬೇಕು,
ತೊಲೆ ಮುಚ್ಚುವ ಬಿಳಿ ಸೀಲಿಂಗು ಬೇಕು.
ಎದ್ದು ಮಾತಾಡಿದೆ. ಚಹಾ ಬಂತು. ಸೋತೆ.

ಕೆಲಸ ಶುರುವಾಗುವ ಹಿಂದಿನ ಸಂಜೆ
ಕೀಲಿ ಇಸಕೊಂಡು ಒಬ್ಬನೇ ಹೋದೆ.
ಎಪ್ಪತ್ತಾರರ ಬೆನ್ನು, ಬೆಂಚು ಮೊದಲಿಗಿಂತ ಗಟ್ಟಿ.
ಅಂಗಾತ ಮಲಗಿದೆ.
ಹದಿಮೂರು.
ಕನ್ನಡಕ ಒರೆಸಿ ಮತ್ತೆ ಎಣಿಸಿದೆ. ಹದಿಮೂರೇ.
ಅಂದರೆ ಏಳರಲ್ಲೇ ಲೆಕ್ಕ ತಪ್ಪಿತ್ತು,
ಇಷ್ಟು ಕಾಲ ನಾನು ಕುಳಿತದ್ದು
ಇಲ್ಲದ ಒಂದು ತೊಲೆಯ ಕೆಳಗೆ.

ಹೊರಗೆ ಭೋಂಗಾ ಕೂಗಿತು.
ಏಳಲಿಲ್ಲ. ಮೂರೆಲೆಯಲ್ಲಿ ಇನ್ನೂ ಒಂದಿಷ್ಟು ಬೆಳಕಿತ್ತು.
ಮತ್ತೆ ಬಾಗಿಲ ಕಡೆಯಿಂದ ಹಿಡಿದೆ:
ಒಂದು.